ಸಂಬಂಧ ಇಲ್ಲ ಎಂದು ಬರೆದವಳು

ಎರಡು ವರ್ಷ ನಾನು ಜನರ ರಕ್ತ ತೆಗೆದು ಹೊಟ್ಟೆ ಹೊರೆದುಕೊಂಡವಳು. ಹೀಗೆಂದರೆ ನಮ್ಮವ್ವನಿಗೆ ಸಿಟ್ಟು ಬರುತ್ತದೆ. ‘ಏನ ಮಾತಾಡ್ತಿ, ಬಿಡ್ತು ಅನ್ನ’ ಎನ್ನುತ್ತಾಳೆ. ಬೇರೆ ಹೇಗೆ ಹೇಳಲಿ? ಬೈಲಹೊಂಗಲ, ಕಿತ್ತೂರು, ಸವದತ್ತಿ, ರಾಮದುರ್ಗ, ಈ ನಾಲ್ಕು ತಾಲೂಕಿನ ಹಳ್ಳಿ ಹಳ್ಳಿ ತಿರುಗಿ, ಗಟ್ಟಿಮುಟ್ಟಾದ ಜನರನ್ನು ಕಟ್ಟೆಯ ಮೇಲೆ ಕೂರಿಸಿ, ತೋಳಿಗೆ ರಬ್ಬರ್ ಬಿಗಿದು, ಒಂದೊಂದು ನಳಿಗೆಯಷ್ಟು ರಕ್ತ ಎಳೆದು, ಐಸ್ ಡಬ್ಬಿಯಲ್ಲಿಟ್ಟು ಬೆಂಗಳೂರಿಗೆ ಕಳಿಸುವುದೇ ನನ್ನ ನೌಕರಿಯಾಗಿತ್ತು. ಡಿಗ್ರಿಯಲ್ಲಿ ಜೀವಶಾಸ್ತ್ರ ಓದಿ, ಮೇಲೆ ಲ್ಯಾಬ್ ಕೋರ್ಸು ಮಾಡಿ, ಬೈಲಹೊಂಗಲದ ಒಂದು ಸಣ್ಣ ಲ್ಯಾಬಿನಲ್ಲಿ ಮಂದಿಯ ಮೂತ್ರದ ಬಾಟಲಿ ಅಲ್ಲಾಡಿಸುತ್ತ ಕೂತಿದ್ದವಳಿಗೆ ಅದು ದೊಡ್ಡ ವಿಜ್ಞಾನವೆಂದು ತೋರಿತ್ತು. ಈಗ ಆ ದಿನಗಳನ್ನು ನೆನೆದರೆ ನನ್ನ ಮೇಲೆ ನನಗೇ ಹೇಸಿಗೆ ಬರುತ್ತದೆ.

ಕೆಲಸದ ಹುರುಳು ಇಷ್ಟು. ಒಂದು ಸಂಸ್ಥೆಯವರು ನಮ್ಮ ಭಾಗದ ಆರೋಗ್ಯವಂತರ ಜೀನುಗಳ ಡೇಟಾಬೇಸ್ ಮಾಡುತ್ತಿದ್ದರು. ಯಾರ ಜೀನನ್ನು ಓದಿದರೂ ಸಣ್ಣಪುಟ್ಟ ಬದಲಾವಣೆಗಳು ರಾಶಿಗಟ್ಟಲೆ ಸಿಗುತ್ತವೆ. ಬಹಳಷ್ಟು ನಿರುಪದ್ರವಿ, ಯಾವುದೋ ಒಂದು ಮಾತ್ರ ಪ್ರಾಣ ತೆಗೆಯುತ್ತದೆ. ಕಾಯಿಲೆಯ ಕೂಸಿನಲ್ಲಿ ಒಂದು ಬದಲಾವಣೆ ಕಂಡಾಗ ಅದೇ ಅಪರಾಧಿಯೋ ಅಲ್ಲವೋ ಎಂದು ತಿಳಿಯಲು ಡಾಕ್ಟರು ಡೇಟಾಬೇಸ್ ತೆರೆದು ನೋಡಬೇಕು. ಅದೇ ಸೀಮೆಯ ಆರೋಗ್ಯವಂತರಲ್ಲೂ ಬಹಳ ಮಂದಿಗೆ ಅದೇ ಬದಲಾವಣೆ ಇದ್ದರೆ ಅದನ್ನು ಬಿಟ್ಟು ಮುಂದೆ ಹುಡುಕಬೇಕು. ಊರಲ್ಲಿ ಒಂದು ಕೊಲೆಯಾಯಿತೆನ್ನಿ. ಎಲ್ಲರ ಮನೆಯಲ್ಲೂ ಕುಡುಗೋಲು ಇರುವಾಗ, ಇವನ ಮನೆಯಲ್ಲಿ ಕುಡುಗೋಲು ಸಿಕ್ಕಿತು, ಆದ್ದರಿಂದ ಇವನೇ ಕೊಲೆಗಾರ ಎನ್ನಲಾಗುವುದಿಲ್ಲವಲ್ಲ, ಹಾಗೆ. ನಮ್ಮ ಕಡೆಯ ಜನ ಯಾವ ಡೇಟಾಬೇಸಿನಲ್ಲೂ ಇಲ್ಲ, ಅದಕ್ಕೇ ನಮ್ಮ ಮಕ್ಕಳ ರೋಗ ಪತ್ತೆಯಾಗುವುದಿಲ್ಲ ಎಂದು ತರಬೇತಿಯಲ್ಲಿ ಹೇಳಿದರು. ಮಾತು ಖರೆಯೇ. ನಾನು ಉಬ್ಬಿಹೋದೆ.

ಒಂದೇ ಒಂದು ಷರತ್ತಿತ್ತು. ರಕ್ತ ಕೊಡುವವರು ಒಬ್ಬರಿಗೊಬ್ಬರು ಸಂಬಂಧಿಕರಾಗಿರಬಾರದು. ಒಂದೇ ಬಳಗದವರು ಸೇರಿಬಿಟ್ಟರೆ ಆ ಬಳಗದಲ್ಲಿ ಮಾತ್ರ ಇರುವ ಬದಲಾವಣೆ ಇಡೀ ಸೀಮೆಯಲ್ಲಿ ಇದ್ದಂತೆ ಕಾಣುತ್ತದೆ. ಇದನ್ನೂ ಹೇಳಿದ್ದರು. ನಾನು ನೋಟ್‌ಬುಕ್ಕಿನಲ್ಲಿ ಬರೆದುಕೊಂಡು ಅಡಿಗೆರೆ ಕೂಡ ಎಳೆದಿದ್ದೆ.

ಮೊದಲ ದಿನ ಕಿತ್ತೂರಿನ ಹತ್ತಿರದ ಒಂದು ಹಳ್ಳಿಗೆ ಜೀಪಿನಲ್ಲಿ ಹೋದೆವು. ಕೊರಳಲ್ಲಿ ಗುರುತಿನ ಚೀಟಿ, ಕೈಯಲ್ಲಿ ಫಾರ್ಮಿನ ಕಟ್ಟು, ಭಾರೀ ಠೀವಿ. ಹನುಮಪ್ಪನ ಗುಡಿಯ ಕಟ್ಟೆಯ ಮೇಲೆ ಕೂತಿದ್ದ ಮುದುಕರೊಬ್ಬರು ನನ್ನನ್ನು ಕೆಳಗಿನಿಂದ ಮೇಲಿನವರೆಗೆ ನೋಡಿದರು.

“ರಕ್ತ ಯಾಕ ಬೇಕ್ರಿ ನಿಮಗ? ನಮ್ಮೂರಾಗ ಯಾರಿಗೂ ಜಡ್ಡಿಲ್ಲ.”

“ಅದಕ್ಕ ಬೇಕ್ರಿ ಅಜ್ಜಾರ. ಆರಾಮ ಇದ್ದವರದ ಬೇಕು.”

“ಹಂಗಾರ ಆರಾಮ ಇರಾಕ ಬಿಡ್ರಿ,” ಎಂದು ಅವರು ಎದ್ದೇ ಹೋದರು. ಅವರ ಹಿಂದೆ ಕಟ್ಟೆಯೇ ಖಾಲಿಯಾಯಿತು.

ಒಂದು ವಾರ ಹೀಗೇ ಆಯಿತು. ಮನೆಗೆ ಬಂದು ಮುಖ ಸಪ್ಪಗೆ ಮಾಡಿಕೊಂಡು ಕೂತಾಗ ಅವ್ವ ನಕ್ಕಳು. “ಹಳ್ಯಾಗ ಹಂಗ ಸರ್ಕಾರದವರಂಗ ಹೋದ್ರ ಯಾರ ಮಾತಾಡ್ಸತಾರ? ನಿಮ್ಮ ಚಿಗವ್ವ ಉಗರಗೋಳದಾಗ ಅದಾಳ. ಅಕಿ ಮನಿಗಿ ಹೋಗಿ ಕುಂದ್ರು. ಅಕಿ ಕರಸ್ತಾಳ.”

ಚಿಗವ್ವ ಎಂದರೆ ಅವ್ವನ ಖಾಸ ತಂಗಿ. ದೇವಿಯ ಗುಡ್ಡಕ್ಕೆ ಹೋಗುವ ಯಾತ್ರಿಕರಿಗೆ ಕಾಯಿ, ಭಂಡಾರ ಮಾರುವ ಅಂಗಡಿ ಅವಳದು. ನಾನು ಹೋದ ಕೂಡಲೇ ಅಂಗಡಿಯ ಮುಂದೆ ನಿಂತು ಕೂಗಿದಳು: “ನಮ್ಮಕ್ಕನ ಮಗಳು ಬಂದಾಳ ಬರ್ರೆವ್ವಾ! ಭಾಳ ದೊಡ್ಡ ಸಾಲಿ ಕಲ್ತಾಳ. ಪುಕಟ ಸಕ್ಕರಿ ಚೆಕ್ ಮಾಡತಾಳ, ಬರ್ರಿ.” ಅವಳ ಮೈದುನರು, ನಾದಿನಿಯರು, ಅವಳ ಬೆಳೆದ ಮಕ್ಕಳು, ಮಾತಿಗೆಂದು ಬಂದ ಮಂದಿ ಎಲ್ಲ ಸಾಲಾಗಿ ತೋಳು ಚಾಚಿದರು. ಮಧ್ಯಾಹ್ನದೊಳಗೆ ಡಬ್ಬಿ ತುಂಬಿತು. ಮೇಲೆ ರೊಟ್ಟಿ, ಎಣ್ಣೆಗಾಯಿ ಪಲ್ಲೆ ಊಟ ಬೇರೆ.

ಅಲ್ಲಿಂದ ಮುಂದೆ ನನಗೆ ದಾರಿ ಸಿಕ್ಕಿತು. ದೊಡವಾಡ ಅವ್ವನ ತವರು, ಅಲ್ಲಿಗೆ ಹೋದೆ. ಅವ್ವನ ತಾಯಿ, ನಾವು ಆಯಿ ಎನ್ನುವವಳು, ಸಿರಸಂಗಿಯಿಂದ ಬಂದ ಸೊಸೆ. ಅವಳ ಅಣ್ಣತಮ್ಮಂದಿರ ಮನೆಗಳು ಅಲ್ಲಿ ಇದ್ದವು, ಸಿರಸಂಗಿಗೂ ಹೋದೆ. ಆಯಿಯ ಒಬ್ಬ ಅಕ್ಕನನ್ನು ಕಿತ್ತೂರಿನ ಕಡೆ ಕೊಟ್ಟಿದ್ದರು, ತಂಗಿಯನ್ನು ರಾಮದುರ್ಗಕ್ಕೆ. ಎಲ್ಲಿ ಹೋದರೂ ಒಂದು ಚಹಾ, ಒಂದು ತಾಟು ಅವಲಕ್ಕಿ, ಒಂದು ಸಾಲು ತೋಳು. ನಾಲ್ಕು ತಾಲೂಕಿನ ಮೊದಲ ಸುತ್ತು ಒಂದೇ ಸುಗ್ಗಿಯೊಳಗೆ ಮುಗಿಯಿತು. ಬೇರೆ ಜಿಲ್ಲೆಯಲ್ಲಿ ನನ್ನಂತೆ ಕೆಲಸ ಹಿಡಿದವರು ಇನ್ನೂ ಗುಡಿಯ ಕಟ್ಟೆಯ ಮೇಲೆ ಒದ್ದಾಡುತ್ತಿದ್ದರು.

ಫಾರ್ಮಿನಲ್ಲಿ ಒಂದು ಪ್ರಶ್ನೆ ಇತ್ತು: ಇಲ್ಲಿ ರಕ್ತ ಕೊಟ್ಟ ಬೇರೆ ಯಾರೊಂದಿಗಾದರೂ ನಿಮಗೆ ರಕ್ತಸಂಬಂಧ ಇದೆಯೇ? ದೊಡವಾಡದಲ್ಲಿ ಮಾವನನ್ನು, ಅಂದರೆ ಅವ್ವನ ಕೊನೆಯ ತಮ್ಮನನ್ನು, ನಗುತ್ತಲೇ ಕೇಳಿದೆ.

“ಉಗರಗೋಳದವರ ಜೋಡಿ ರಕ್ತಸಂಬಂಧ ಐತೇನ ಮಾಮಾ?”

“ಅಕ್ಕನ್ನ ಕೊಟ್ಟ ಮನಿ ಅದು. ಬೀಗರು. ಅವರ ಬೆಡಗ ಬ್ಯಾರೆ, ನಮ್ಮ ಬೆಡಗ ಬ್ಯಾರೆ. ರಕ್ತ ಎಲ್ಲಿಂದ ಬಂತು?”

“ಸಿರಸಂಗಿಯವರು?”

“ಅವ್ವನ ತವರಮನಿ. ಅವರದೂ ಬೆಡಗ ಬ್ಯಾರೆನ. ಇಲ್ಲಾ ಅಂತ ಬರಿ.”

ಇಲ್ಲ ಎಂದು ಬರೆದೆ. ಎಲ್ಲರೂ ಹೀಗೇ ಹೇಳಿದರು, ಎಲ್ಲರದೂ ಹೀಗೇ ಬರೆದೆ. ನಮ್ಮಲ್ಲಿ ರಕ್ತವೆಂದರೆ ಅಪ್ಪನ ಕಡೆಯದು. ಒಂದೇ ಬೆಡಗಿನವರು, ಅಂದರೆ ಒಂದೇ ಗೋತ್ರದವರು, ಅಣ್ಣತಮ್ಮಂದಿರು, ಅವರಲ್ಲಿ ಹೆಣ್ಣು ಕೊಟ್ಟು ತರುವಂತಿಲ್ಲ. ಕೊಟ್ಟ ಹೆಣ್ಣು ಅತ್ತೆಯ ಮನೆಯ ಹೊಸ್ತಿಲು ದಾಟಿದ ದಿನವೇ ಆ ಮನೆಯವಳು. ಅವಳ ಅಡ್ಡಹೆಸರು ಬದಲಾಗುತ್ತದೆ, ಬೆಡಗು ಬದಲಾಗುತ್ತದೆ. ಆದರೆ ಅವಳ ಮೈಯೊಳಗಿನ ಜೀನು ಹೊಸ್ತಿಲು ನೋಡಿ ಬದಲಾಗುವುದಿಲ್ಲ ಎಂಬುದು ಜೀವಶಾಸ್ತ್ರದ ಡಿಗ್ರಿ ಇದ್ದ ನನಗೆ ತಿಳಿಯಬೇಕಿತ್ತು. ಪರೀಕ್ಷೆಯಲ್ಲಿ ಕೇಳಿದ್ದರೆ ಸರಿಯಾಗಿ ಉತ್ತರ ಬರೆಯುತ್ತಿದ್ದೆ. ಚಿಗವ್ವನ ಪಡಸಾಲೆಯಲ್ಲಿ ಕೂತಾಗ ನಾನು ಅವ್ವನ ಮಗಳಾಗಿದ್ದೆ, ಅಷ್ಟೇ.

ಬೆಂಗಳೂರಿನಲ್ಲಿ ಕಂಪ್ಯೂಟರಿನ ಮುಂದೆ ಕೂತವರಿಗೆ ಬೇರೆ ಬೇರೆ ಊರು, ಬೇರೆ ಬೇರೆ ತಾಲೂಕು, ಬೇರೆ ಬೇರೆ ಅಡ್ಡಹೆಸರು ಕಂಡವು. ಅವರು ಖುಷಿಪಟ್ಟರು. ಆದರೂ ಯಂತ್ರ ಯಂತ್ರವೇ. ಒಂದು ದಿನ ನನಗೆ ಮೇಲ್ ಬಂತು. ಕೆಲವು ಸ್ಯಾಂಪಲ್ಲುಗಳು ಒಂದಕ್ಕೊಂದು ತೀರಾ ಹತ್ತಿರ ಕಾಣುತ್ತಿವೆ, ಇವರು ಸಂಬಂಧಿಕರಲ್ಲವೆಂದು ದಯವಿಟ್ಟು ಇನ್ನೊಮ್ಮೆ ಖಚಿತಪಡಿಸಿ ಎಂದಿತ್ತು.

ಬೈಲಹೊಂಗಲದ ಬಸ್‌ಸ್ಟ್ಯಾಂಡಿನಲ್ಲಿ ಸವದತ್ತಿಯ ಬಸ್ಸಿಗೆ ಕಾಯುತ್ತ ನಿಂತಿದ್ದೆ. ನಿಂತಲ್ಲೇ ಮೊಬೈಲಿನಲ್ಲಿ ಉತ್ತರ ಬರೆದೆ. ‘ಖಚಿತಪಡಿಸಿದ್ದೇನೆ. ಯಾರೂ ಸಂಬಂಧಿಕರಲ್ಲ. ಒಂದೇ ಸಮಾಜದವರಾದ್ದರಿಂದ ಹತ್ತಿರ ಕಂಡಿರಬಹುದು.’ ಬಸ್ಸು ಬರುವ ಮೊದಲೇ ಕಳಿಸಿಯಾಗಿತ್ತು. ಆಗ ನನಗೆ ಗೊತ್ತಿತ್ತೇ? ಅರ್ಧ ಗೊತ್ತಿತ್ತು. ಮತ್ತೆ ಕೇಳಿಕೊಂಡು ಹೋದರೆ ಅರ್ಧಕ್ಕರ್ಧ ಸ್ಯಾಂಪಲ್ಲು ಕಿತ್ತುಹಾಕುತ್ತಾರೆ, ಮತ್ತೆ ಆ ಕಟ್ಟೆಗಳ ಮುಂದೆ ಜೀಪು ನಿಲ್ಲಿಸಬೇಕು ಎಂಬುದು ಮಾತ್ರ ಪೂರ್ತಿ ಗೊತ್ತಿತ್ತು. ಥೂ ನನ್ನ ಜನ್ಮಕ್ಕೆ! ಪುರಾವೆ ತಾನಾಗಿ ಬಂದು ಕದ ತಟ್ಟಿದರೆ, ಮನೆಯಲ್ಲಿ ಯಾರೂ ಇಲ್ಲ ಎಂದು ಒಳಗಿನಿಂದಲೇ ಕೂಗಿದವಳು ನಾನು.

ಡೇಟಾಬೇಸ್ ಲೋಕಕ್ಕೆ ತೆರೆದ ದಿನ ಒಂದು ಸಭೆ ಮಾಡಿ ನನಗೆ ಶಾಲು ಹೊದಿಸಿದರು. ಯೋಜನೆಯ ಮುಖ್ಯಸ್ಥರು, ಬೆಂಗಳೂರಿನವರು, ನನ್ನ ಕಡೆ ಕೈ ಮಾಡಿ, “ಇವರಂಥ ಕ್ಷೇತ್ರ ಸಿಬ್ಬಂದಿ ಇದ್ದರೆ ವಿಜ್ಞಾನಕ್ಕೆ ಇನ್ನೇನು ಬೇಕು?” ಎಂದರು. ನಾನು ನಾಚಿಕೊಂಡು ನಕ್ಕೆ. ಆ ಫೋಟೊ ಅವ್ವ ಪಡಸಾಲೆಯಲ್ಲಿ ತೂಗುಹಾಕಿದ್ದಾಳೆ. ನಾನು ಅದರ ಕಡೆ ಬೆನ್ನು ಮಾಡಿ ಊಟಕ್ಕೆ ಕೂರುತ್ತೇನೆ.

ನನ್ನ ತಂಗಿಯನ್ನು ಕೊಟ್ಟದ್ದು ಅದೇ ದೊಡವಾಡದ ಮಾವನಿಗೆ. ಸ್ವಾದರಮಾವ ಇರುವಾಗ ಹೊರಗೆ ಯಾಕೆ ನೋಡಬೇಕು ಎಂದು ಹಿರಿಯರು ಮುಗಿಸಿದ ಮದುವೆ. ಇಬ್ಬರೂ ಚೆನ್ನಾಗಿಯೇ ಇದ್ದಾರೆ. ಡೇಟಾಬೇಸ್ ತೆರೆದ ಕೆಲವು ತಿಂಗಳಿಗೆ ಅವಳಿಗೆ ಗಂಡುಮಗು ಹುಟ್ಟಿತು. ಕೆಂಪಗೆ ದುಂಡಗೆ ಇದ್ದ ಕೂಸು. ನಾಲ್ಕನೆಯ ದಿನ ಹಾಲು ಬಿಟ್ಟಿತು. ಐದನೆಯ ದಿನ ಕೈಕಾಲು ಬಟ್ಟೆಯಂತೆ ಜೋತುಬಿದ್ದವು, ಅಳು ಬೆಕ್ಕಿನ ಮರಿಯ ಅಳುವಿನಂತೆ ಸಣ್ಣಗಾಯಿತು. ಕೂಸಿನ ಬಟ್ಟೆಯಿಂದ ಬೆಲ್ಲದ ಪಾಕ ಹತ್ತಿದಂಥ ವಾಸನೆ ಬರುತ್ತಿತ್ತು. ಬಾಣಂತನಕ್ಕೆ ಬಂದ ಮುದುಕಿಯೊಬ್ಬಳು, “ದೇವರ ಕೂಸೈತಿ, ಉಚ್ಚಿನೂ ಸಿಹಿ ವಾಸನಿ ಬರತೈತಿ ನೋಡ್ರಿ,” ಎಂದು ದೃಷ್ಟಿ ತೆಗೆದಳು. ಎರಡು ವರ್ಷ ಜೀನು ಜೀನು ಎಂದು ಭಾಷಣ ಬಿಗಿದ ನಾನು ಪಕ್ಕದಲ್ಲೇ ಕೂತು ಹೌದೌದು ಎಂದೆ.

ಬೆಳಗಾವಿಯ ದೊಡ್ಡ ಆಸ್ಪತ್ರೆಗೆ ಒಯ್ದೆವು. ಒಂಬತ್ತನೆಯ ದಿನ ಕೂಸು ಹೋಯಿತು. ಹೋಗುವ ಮೊದಲು ಅಲ್ಲಿನವರು ರಕ್ತ ತೆಗೆದು ಜೀನ್ ಪರೀಕ್ಷೆಗೆ ಕಳಿಸಿದ್ದರು. ಮೂರ್ನಾಲ್ಕು ತಿಂಗಳ ಮೇಲೆ ರಿಪೋರ್ಟ್ ಮನೆಗೆ ಬಂತು: ನಿಶ್ಚಿತ ಕಾರಣ ಕಂಡುಬಂದಿಲ್ಲ. ನಾನೇ ಅದನ್ನು ಎಲ್ಲರಿಗೂ ಓದಿ ಹೇಳಿದೆ. “ನಮ್ಮ ವಂಶದಾಗ ಏನೂ ಇಲ್ಲ. ನಂಜಾಗಿ ಹೋಗೇತಿ ಕೂಸು. ನಾ ಮಾಡಿದ ಡೇಟಾಬೇಸಿನಾಗ ನೋಡೇ ಹೇಳ್ಯಾರ ಇದನ್ನ.” ಹಾಗೆ ಹೇಳುವಾಗ ನನ್ನ ಧ್ವನಿಯಲ್ಲಿ ಹೆಮ್ಮೆ ಇತ್ತು. ಸತ್ತ ಕೂಸಿನ ರಿಪೋರ್ಟ್ ಓದುವಾಗ ಹೆಮ್ಮೆ! ಛೀ.

ಆ ಧೈರ್ಯದ ಮೇಲೆ ತಂಗಿ ಮತ್ತೆ ಬಸಿರಾದಳು. ಎಂಟನೆಯ ತಿಂಗಳಲ್ಲಿ ಆಸ್ಪತ್ರೆಯ ಕಾಗದಗಳನ್ನು ಒಂದೇ ಫೈಲಿಗೆ ಜೋಡಿಸಿಡೋಣ ಎಂದು ನಾನು ಕೂತೆ. ರಿಪೋರ್ಟಿನ ಕೊನೆಯ ಪುಟವನ್ನು ಆವರೆಗೆ ನೋಡಿರಲಿಲ್ಲ. ಪರಿಶೀಲಿಸಿ ಕೈಬಿಟ್ಟ ಬದಲಾವಣೆಗಳ ಪಟ್ಟಿ ಅದು. ಅದರಲ್ಲಿ ಒಂದು ಸಾಲು: ಹಾಲಿನಲ್ಲಿರುವ ಪ್ರೋಟೀನಿನ ಒಂದು ಅಂಶವನ್ನು ಕರಗಿಸುವ ಜೀನಿನಲ್ಲಿ ಬದಲಾವಣೆ, ತಾಯಿಯಿಂದ ಒಂದು, ತಂದೆಯಿಂದ ಒಂದು. ಎದುರಿಗೆ ಷರಾ: ಇದೇ ಪ್ರದೇಶದ ಆರೋಗ್ಯವಂತ, ಪರಸ್ಪರ ಸಂಬಂಧವಿಲ್ಲದ ವ್ಯಕ್ತಿಗಳಲ್ಲಿ ಹೇರಳವಾಗಿ ಕಂಡುಬರುವುದರಿಂದ ಕೈಬಿಡಲಾಗಿದೆ.

ಪರಸ್ಪರ ಸಂಬಂಧವಿಲ್ಲದ. ಯೋಜನೆಯ ಒಳಪಟ್ಟಿ ತೆರೆಯುವ ನನ್ನ ಪಾಸ್‌ವರ್ಡ್ ಇನ್ನೂ ಚಾಲ್ತಿಯಲ್ಲಿತ್ತು. ತೆರೆದು ಆ ಬದಲಾವಣೆ ಯಾವ ಯಾವ ಸ್ಯಾಂಪಲ್ಲಿನಲ್ಲಿದೆ ಎಂದು ಹುಡುಕಿದೆ. ಸಂಖ್ಯೆಗಳು ಬಂದವು. ನನ್ನ ಹತ್ತಿರದ ವಹಿಯಲ್ಲಿ ಒಂದೊಂದೇ ಸಂಖ್ಯೆಗೆ ಮುಖ ಹಚ್ಚುತ್ತ ಹೋದೆ. ಚಿಗವ್ವ, ಅವಳ ಮಗ, ಅವಳ ದೊಡ್ಡ ಮಗಳು. ದೊಡವಾಡದ ಮಾವ. ಸಿರಸಂಗಿಯಲ್ಲಿ ಆಯಿಯ ತಮ್ಮ, ತಮ್ಮನ ಮಕ್ಕಳು. ಆಯಿಯ ಅಕ್ಕ, ಕಿತ್ತೂರಿನ ದೊಡ್ಡಾಯಿಯ ಮೊಮ್ಮಕ್ಕಳು. ರಾಮದುರ್ಗದ ಸಣ್ಣ ಆಯಿ, ಅವಳ ಮಗಳು. ಎಲ್ಲರ ಮುಂದೆಯೂ ನನ್ನದೇ ಅಕ್ಷರದಲ್ಲಿ ‘ಸಂಬಂಧ: ಇಲ್ಲ’. ಮಂದಿಗೆ ಧೈರ್ಯ ಬರಲೆಂದು ಮೊದಲು ನನ್ನ ರಕ್ತವನ್ನೇ ತೆಗೆದು ತೋರಿಸಿದ್ದೆ. ಆ ಮೊದಲನೆಯ ಸಂಖ್ಯೆಯೂ ಪಟ್ಟಿಯಲ್ಲಿತ್ತು. ಒಂದೊಂದು ಜೀನಿಗೆ ಎರಡೆರಡು ಪ್ರತಿ ಇರುತ್ತವೆ. ಇವರಿಗೆಲ್ಲ ಅದರಲ್ಲಿ ಕೆಟ್ಟದ್ದು ಒಂದೇ, ಆದ್ದರಿಂದ ಎಲ್ಲರೂ ಗಟ್ಟಿಮುಟ್ಟು. ನನ್ನ ತಂಗಿಯ ಕೂಸಿಗೆ ಮಾತ್ರ ಎರಡೂ ಕಡೆಯಿಂದ ಬಂದಿತ್ತು. ತಾಯಿಯ ಎದೆಹಾಲು ಅದಕ್ಕೆ ನಂಜಾಗಿತ್ತು.

ಮುಖ್ಯಸ್ಥರಿಗೆ ಫೋನ್ ಮಾಡಿದೆ. ಎಲ್ಲ ಕೇಳಿಸಿಕೊಂಡು, “ನೋಡಿಮ್ಮಾ, ಪ್ರಬಂಧ ಅಚ್ಚಾಗಿದೆ. ನಾವು ಕೇಳಿದಾಗ ನೀವೇ ಖಚಿತ ಅಂತ ಬರೆದುಕೊಟ್ಟಿದ್ದೀರಲ್ಲ?” ಎಂದರು. ಆಮೇಲೆ, “ಒಂದು ಕೆಲಸ ಮಾಡಿ. ಯಾರು ಯಾರಿಗೆ ಏನಾಗಬೇಕು ಅಂತ ಪೂರ್ತಿ ವಂಶಾವಳಿ ಬರೆದು, ನಿಮ್ಮ ಸಹಿ ಹಾಕಿ ಕಳಿಸಿ. ಆಮೇಲೆ ನೋಡೋಣ,” ಎಂದರು. ಅಡ್ಡಗೋಡೆಯ ಮೇಲೆ ದೀಪ ಇಟ್ಟ ಹಾಗೆ. ಮೈಯೆಲ್ಲ ಉರಿಯಿತು. ಆದರೆ ಅವರು ದಾರಿ ತೋರಿಸಿದ್ದರು, ಅದನ್ನು ನಾನು ಒಪ್ಪಲೇಬೇಕು.

ಮರುದಿನ ಬೆಳಗಾವಿಗೆ ಹೋಗಿ, ಮೊದಲ ಕೂಸನ್ನು ನೋಡಿದ್ದ ಡಾಕ್ಟರಬಾಯಿಯನ್ನು ಕಂಡೆ. ಅವರು ರಿಪೋರ್ಟಿನ ಕೊನೆಯ ಪುಟ ಓದಿದರು. “ಆ ಕೂಸಿನ ಬಟ್ಟಿಗಿ ಬೆಲ್ಲದ ವಾಸನಿ ಇತ್ತೇನ್ರಿ?” ಎಂದು ಕೇಳಿದರು. ಇತ್ತು ಎಂದೆ. “ನೀವು ತರೂದ್ರಾಗ ಕೂಸಿಗಿ ಭಾಳ ನಂಜಾಗಿತ್ತು. ನಾವೂ ಬರೇ ಆ ನಂಜನ್ನಷ್ಟ ನೋಡಿದ್ವಿ,” ಎಂದರು. ಅವರ ಮುಖವೂ ಇಳಿದಿತ್ತು. ಹುಟ್ಟಿದ ಕೂಡಲೇ ಕೂಸಿನ ರಕ್ತ ಪರೀಕ್ಷೆಗೆ ಕಳಿಸೋಣ, ಉತ್ತರ ಬರುವವರೆಗೆ ಎದೆಹಾಲು ಬೇಡ, ಆ ಅಂಶ ತೆಗೆದ ಪುಡಿಹಾಲು ತರಿಸಿಡುತ್ತೇನೆ, ಮನೆಯವರನ್ನು ಒಪ್ಪಿಸಿ ಎಂದರು. ನಾನು ಎದ್ದು ಹೊರಟಾಗ ಬಾಗಿಲವರೆಗೆ ಬಂದು ಇನ್ನೊಂದು ಮಾತು ಹೇಳಿದರು: “ನಿಮ್ಮ ಬಳಗದಾಗ ಸಂಬಂಧದಾಗ ಮದುವ್ಯಾದವರು ಎಷ್ಟು ಮಂದಿ ಅದಾರ, ಎಲ್ಲಾರಿಗೂ ಹೇಳ್ರಿ. ತಡಾ ಮಾಡಬ್ಯಾಡ್ರಿ.”

ಮನೆಯಲ್ಲಿ ಹೇಳಿದೆ. ಬಾಣಂತನಕ್ಕೆ ಬಂದಿದ್ದ ತಂಗಿ ಗೋಡೆಗೆ ಬೆನ್ನು ಆನಿಸಿ ಕೂತಿದ್ದಳು. ಮಾವನೂ ದೊಡವಾಡದಿಂದ ಬಂದಿದ್ದ. ಮಾತು ಮುಗಿಯುವ ಮೊದಲೇ ಅವನು ಎದ್ದು ನಿಂತ.

“ಅಂದ್ರ ನನ್ನ ರಕ್ತದಾಗ ಐಬ ಐತಿ ಅಂತೀ ಏನ?”

“ನನ್ನ ರಕ್ತದಾಗೂ ಐತಿ ಮಾಮಾ. ಅವ್ವನಿಂದ ಬಂದೈತಿ.”

ಅವ್ವ ಒಲೆಯ ಮುಂದಿನಿಂದ ತಿರುಗಿದಳು. “ಮೊನ್ನೆ ನಮ್ಮ ವಂಶದಾಗ ಏನಿಲ್ಲ ಅಂತ ಓದಿದಾಕಿ ನೀನ. ಇವತ್ತ ಐತಿ ಅನ್ನಾಕಿನೂ ನೀನ. ಆವಾಗ ಬರದದ್ದು ಸುಳ್ಳಂದ್ರ ಈಗ ಹೇಳೂದು ಖರೆ ಅಂತ ಹೆಂಗ ನಂಬೂದು? ಊರಿಗಿ ಉಪಕಾರಿ, ಮನಿಗಿ ಮಾರಿ ಆದೆಲ್ಲ!” ಹುಟ್ಟಿದ ಕೂಸಿನ ಬಾಯಿಯಿಂದ ಎದೆ ಕಿತ್ತುಕೊಳ್ಳಿ ಎಂದು ಹೇಳಲು ನನಗೆ ಯಾವ ಯೋಗ್ಯತೆ ಉಳಿದಿತ್ತು?

ತಂಗಿಯೇ ಬಾಯಿ ಬಿಟ್ಟಳು. “ನೀ ಖರೆ ಹೇಳ್ತಿಯೋ ಸುಳ್ಳ ಹೇಳ್ತಿಯೋ ನನಗ ತಿಳಿವಲ್ದಕ್ಕಾ. ಆದ್ರ ಈ ಸಲ ನಾ ಕೂಸಿನ್ನ ಕಳಕೊಳ್ಳಾಂಗಿಲ್ಲ. ನಾಕ ದಿನ ನನ್ನ ಹಾಲು ಕುಡಿಲಿಲ್ಲಂದ್ರ ಸಾಯಾಂಗಿಲ್ಲಲ್ಲ? ಅಷ್ಟ ಹೇಳು.”

“ಸಾಯಾಂಗಿಲ್ಲ,” ಎಂದೆ.

ಹೆಣ್ಣುಮಗು ಬೆಳಗಾವಿಯಲ್ಲೇ ಹುಟ್ಟಿತು. ಪುಡಿಹಾಲು ಕುಡಿಸಿದರು. ತಂಗಿಯ ಎದೆ ಕಲ್ಲಾಗಿ ಜ್ವರ ಬಂತು. ಹಾಲು ಹಿಂಡಿ ಬಟ್ಟಲಿಗೆ ಹಾಕಿಕೊಟ್ಟರೆ ಅವ್ವ ಅದನ್ನು ಗಟಾರಕ್ಕೆ ಚೆಲ್ಲಬಾರದೆಂದು ಆಸ್ಪತ್ರೆಯ ಕಂಪೌಂಡಿನ ದಾಸವಾಳದ ಗಿಡದ ಬುಡಕ್ಕೆ ಹಾಕಿ ಬರುತ್ತಿದ್ದಳು. ನನ್ನ ಜೊತೆ ಮಾತಾಡಲಿಲ್ಲ. ಆರನೆಯ ದಿನ ಉತ್ತರ ಬಂತು. ಕೂಸಿಗೆ ಅದೇ ರೋಗ ಇತ್ತು. ಹಾಲು ಕುಡಿದಿದ್ದರೆ ಇದೂ ಹೋಗುತ್ತಿತ್ತು. ಡಾಕ್ಟರಬಾಯಿ ತಂಗಿಯ ಭುಜ ಹಿಡಿದು ಹೇಳಿದಾಗ ಮಾವ ಗಂಡಸೆನ್ನದೆ ಅತ್ತ. ಆ ಕೂಸಿಗೆ ಈಗ ಒಂದೂವರೆ ವರ್ಷ. ಅಳೆದು ತೂಗಿ ಊಟ ಹಾಕಬೇಕು, ತಿಂಗಳಿಗೊಮ್ಮೆ ರಕ್ತ ನೋಡಿಸಬೇಕು. ಆದರೆ ನಡೆಯುತ್ತದೆ, ನಗುತ್ತದೆ, ನನ್ನ ಕನ್ನಡಕ ಕಿತ್ತು ಎಸೆಯುತ್ತದೆ.

ಕತೆ ಇಲ್ಲಿಗೆ ಮುಗಿದಿದ್ದರೆ ನಾನು ಇದನ್ನು ಬರೆಯುತ್ತಿರಲಿಲ್ಲ. ಆಸ್ಪತ್ರೆಯಿಂದ ಬಂದ ಮೇಲೆ ಅವ್ವ ನನ್ನನ್ನು ಹಿತ್ತಲಿಗೆ ಕರೆದಳು. “ಆತಲ್ಲ, ಕೂಸ ಉಳೀತು. ಇನ್ನ ಇದನ್ನ ಹೊರಗ ಆಡಬ್ಯಾಡ. ಚಿಗವ್ವನ ಹುಡುಗ್ಯಾರಿಗಿ ವರಾ ನೋಡಾಕ ಹತ್ಯಾರ. ಇವರ ರಕ್ತದಾಗ ಐಬೈತಿ ಅಂತ ಗೊತ್ತಾದ್ರ ಯಾರ ಬಾಗಲಾ ತುಳೀತಾರ?” ನಾನು ಹೂಂ ಎಂದೆ. ಎಷ್ಟು ಸುಲಭವಾಗಿ ಹೂಂ ಎಂದೆ! ಮುಖ್ಯಸ್ಥರು ಕೇಳಿದ್ದ ವಂಶಾವಳಿಯನ್ನು ಅರ್ಧ ಪುಟ ಬರೆದಿದ್ದೆ. ಮೇಲೆ ಆಯಿ, ಕೆಳಗೆ ಅವಳ ಅಕ್ಕ, ತಂಗಿ, ತಮ್ಮ. ಅದನ್ನು ಮುಗಿಸಲು ನಾಲ್ಕು ದಿನ ಸಾಕಿತ್ತು. ಮುಗಿಸಿ ಸಹಿ ಹಾಕಿದರೆ ನಾನು ಸುಳ್ಳಿ ಎಂದು ಲೋಕಕ್ಕೆಲ್ಲ ತಿಳಿಯುತ್ತಿತ್ತು. ಆ ಅರ್ಧ ಪುಟವನ್ನು ಕಪಾಟಿನಲ್ಲಿ ಸೀರೆಗಳ ಕೆಳಗೆ ಇಟ್ಟೆ. ನನ್ನ ತಂಗಿಯ ಕೂಸು ಬದುಕಿತ್ತು. ಡೇಟಾಬೇಸಿನಲ್ಲಿ ಆ ಸಾಲು ಹಾಗೇ ಇತ್ತು, ಯಾವ ಊರಿನ ಯಾವ ಡಾಕ್ಟರು ತೆರೆದರೂ ಇದು ನಿರುಪದ್ರವಿ, ಮುಂದೆ ನೋಡಿ ಎನ್ನುತ್ತಿತ್ತು.

ವಂಶಾವಳಿ ಕಡೆಗೂ ಕಳಿಸಿದೆ, ಆರೇಳು ತಿಂಗಳು ತಡವಾಗಿ. ಅವರು ನಮ್ಮ ಬಳಗದ ಸ್ಯಾಂಪಲ್ಲುಗಳನ್ನು ತೆಗೆದುಹಾಕಿದರು, ಷರಾ ಬದಲಾಯಿತು, ನನಗೆ ಒಂದು ಸಾಲಿನ ಧನ್ಯವಾದ ಬಂತು. ನಾನು ಅದನ್ನು ಕಳಿಸಿದ್ದು ರಾಮದುರ್ಗದಿಂದ ಬಂದ ಮರುದಿನ.

ರಾಮದುರ್ಗಕ್ಕೆ ಹೋದದ್ದು ಚಿಗವ್ವನ ಫೋನ್ ಬಂದದ್ದಕ್ಕೆ. “ಸಣ್ಣ ಆಯಿ ಮೊಮ್ಮಗಳ ಕೂಸ ಹೋತಂತ. ಎರಡನೇದೂ ದಕ್ಕಲಿಲ್ಲ ಪಾಪ. ಹತ್ತ ದಿನದ ಕೂಸು.” ಸಣ್ಣ ಆಯಿ ಎಂದರೆ ನಮ್ಮ ಆಯಿಯ ತಂಗಿ. ಅವಳ ಮೊಮ್ಮಗಳನ್ನೂ ಸಂಬಂಧದಲ್ಲೇ, ಸಿರಸಂಗಿಗೆ, ಕೊಟ್ಟಿದ್ದರು. ಮೊದಲ ಕೂಸು ಹೋದದ್ದು ನನಗೆ ಗೊತ್ತಿತ್ತು. ಗೊತ್ತಿತ್ತು, ಆದರೆ ಯಾವತ್ತೂ ಅದನ್ನು ಇದಕ್ಕೆ ಜೋಡಿಸಿ ನೋಡಿರಲಿಲ್ಲ. ನೋಡಲು ಮನಸ್ಸಿರಲಿಲ್ಲ ಎನ್ನುವುದೇ ಸರಿ.

ಮನೆಯಲ್ಲಿ ಮಂದಿ ಹೆಚ್ಚಿರಲಿಲ್ಲ. ಸಣ್ಣ ಆಯಿ ನನ್ನ ಕೈ ಹಿಡಿದು, “ಅಷ್ಟ ದೂರದಿಂದ ಬಂದೆಲ್ಲವಾ, ದೊಡ್ಡ ಮಾತ ಆತು,” ಎಂದು ಚಾಪೆ ಹಾಸಿದಳು. ಚಹಾ ಕೊಟ್ಟಳು. ನಾನು ಆ ಚಹಾ ಕುಡಿದೆ. ಬಾಣಂತಿ ಒಳಗಿನ ಕೋಣೆಯಲ್ಲಿ ಗೋಡೆ ನೋಡುತ್ತ ಕೂತಿದ್ದಳು. ಇಪ್ಪತ್ತೈದು ಕೂಡ ಇರಲಿಕ್ಕಿಲ್ಲ. ಹಾಲು ಸೋರಿ ಕುಪ್ಪಸ ಒದ್ದೆಯಾಗಿತ್ತು. ಸಣ್ಣ ಆಯಿ ಟ್ರಂಕಿನಿಂದ ಒಂದು ಫೈಲು ತಂದು ನನ್ನ ಮುಂದಿಟ್ಟಳು. “ಮೊದಲನೇ ಕೂಸಿಂದು ಹುಬ್ಬಳ್ಯಾಗ ಟೆಸ್ಟ್ ಮಾಡಿದ್ರು. ಇಕಿ ಬಸರಿದ್ದಾಗ ರಿಪೋಟ್ ಬಂತು. ಏನೂ ಇಲ್ಲ ಅಂದ್ರು. ನೀ ಕಲ್ತಾಕಿ, ನೋಡವಾ.”

ತೆರೆಯುವ ಅಗತ್ಯವಿರಲಿಲ್ಲ, ಆದರೂ ತೆರೆದೆ. ಕೊನೆಯ ಪುಟ. ಅದೇ ಜೀನು, ಅದೇ ಷರಾ, ಅಕ್ಷರ ಕೂಡ ಬದಲಾಗಿರಲಿಲ್ಲ. ತಾರೀಖು ನೋಡಿದೆ. ನಾನು ಅರ್ಧ ಪುಟವನ್ನು ಸೀರೆಗಳ ಕೆಳಗೆ ಇಟ್ಟ ಎರಡು ತಿಂಗಳ ಮೇಲಿನದು. ನಾಲ್ಕು ದಿನ ಕೂತು ಬರೆದು ಕಳಿಸಿದ್ದರೆ, ಈ ಕಾಗದದಲ್ಲಿ ಬೇರೆ ಮಾತು ಇರುತ್ತಿತ್ತು. ಹೊರಗಿನ ಕೋಣೆಯಲ್ಲೇ ಸಣ್ಣ ಆಯಿಗೆ ಹೇಳಿ ಓಡಿಹೋಗೋಣ ಎನಿಸಿತು. ಆದರೆ ಒಳಗೆ ಹೋಗಿ ಬಾಣಂತಿಯ ಎದುರು ಕೂತೆ.

“ಈ ರಿಪೋರ್ಟ್ ತಪ್ಪೈತಿ,” ಎಂದೆ. “ತಪ್ಪ ಮಾಡಿದಾಕಿ ನಾನ. ನಾವೆಲ್ಲಾ ಒಬ್ಬರಿಗೊಬ್ಬರು ಏನೂ ಆಗಬೇಕಾಗಿಲ್ಲ ಅಂತ ಬರದಿದ್ದೆ. ನಿನ್ನ ಕೂಸಿಗಿ ಎದಿಹಾಲು ಕೊಡಬಾರದಿತ್ತು. ನನ್ನ ತಂಗಿ ಕೂಸಿಗೂ ಇದ ಇತ್ತು. ಅದು ಉಳದೈತಿ.”

ಅವಳು ಗೋಡೆಯಿಂದ ನನ್ನ ಕಡೆ ತಿರುಗಿದಳು. ಅರ್ಥವಾಗಲಿಲ್ಲವೇನೋ ಎಂದು ಮತ್ತೆ ಹೇಳಲು ಹೊರಟೆ. ಕೈ ಎತ್ತಿ ತಡೆದಳು.

“ನಿಮಗ ಇದು ಯಾವಾಗಿಂದ ಗೊತ್ತಿತ್ರೆಕ್ಕಾ?”

“ತಂಗಿ ಹಡಿಯೂಕಿಂತ ಮೊದಲ. ಏಳ ತಿಂಗಳಾತು.”

“ಸಿರಸಂಗ್ಯಾಗ ನಮ್ಮ ಮೈದುನನ ಮದಿವಿ ಆಗಿ ಮೂರ ತಿಂಗಳಾತ್ರಿ,” ಎಂದಳು. ಅವಳ ಧ್ವನಿಯಲ್ಲಿ ಸಿಟ್ಟು ಇರಲಿಲ್ಲ, ಲೆಕ್ಕ ತಪ್ಪಬಾರದೆಂಬ ಎಚ್ಚರ ಮಾತ್ರ ಇತ್ತು. “ನೀವು ಬಂದಿದ್ರಿ. ನನ್ನ ಬಾಜೂಕ ಉಣ್ಣಾಕ ಕುಂತಿದ್ರಿ. ನಾ ಬಸರಿ, ಏಳರಾಗ ಬಿದ್ದಿತ್ತು. ನನ್ನ ಎಲಿಗಿ ನೀವ ಕರದು ತುಪ್ಪಾ ಹಾಕ್ಸಿದ್ರಿ. ಚಲೋತಂಗ ಉಣ್ಣ ತಂಗಿ, ಎದಿಹಾಲು ಭಾಳ ಬರತೈತಿ ಅಂದ್ರಿ.”

ಅಂದಿದ್ದೆ.